ಸೌದೆ ಒಲೆಯ ಬೇಕರಿ: ಪಕ್ಕದವರ ದೂರು, ಲೈಸೆನ್ಸ್ ನವೀಕರಣಕ್ಕೆ ತಡೆ

(ಬೇಕರಿ ನಡೆಸುವ ‘ಒಲೆಬೆಂಕಿ’ಯ ಪ್ರಶ್ನೆಗೆ ‘ಕಡತ’, ‘ಹೊಗೆಕೊಳವೆ’ ಎಂಬ ಹೆಸರಿನ ಇಬ್ಬರ ಉತ್ತರ.)

ಒಲೆಬೆಂಕಿ: ಹಾಸನದ ಹೊರವಲಯದ ಬಡಾವಣೆಯಲ್ಲಿ ಬಾಡಿಗೆ ಕಟ್ಟಡದ ಬೇಕರಿ. ಬನ್, ಬ್ರೆಡ್, ಬೆಣ್ಣೆ ಬಿಸ್ಕತ್ತು ಸೇರಿ ದಿನಕ್ಕೆ 250 ಕೆಜಿ. ಸೌದೆ ಒಲೆ, ಹಿಟ್ಟು ನಾದುವ ಮಿಷನ್, 25 ಕೆವಿಎ ಜನರೇಟರ್ ಇವೆ. ಹೊಗೆ, ಬೆಳಗಿನ ಜಾವದ ಸದ್ದು, ಚರಂಡಿ ಕಟ್ಟುತ್ತದೆ ಎಂದು ಹಿಂಬದಿಯ ಮನೆಯವರು ದೂರು ಕೊಟ್ಟಿದ್ದಾರೆ. ಮಾಲಿನ್ಯ ನಿಯಂತ್ರಣ ಮಂಡಳಿಯ ಸಮ್ಮತಿ ಪತ್ರ (ಘಟಕ ನಡೆಸಲು ಅದು ಕೊಡುವ ಒಪ್ಪಿಗೆ) ತರದಿದ್ದರೆ ಟ್ರೇಡ್ ಲೈಸೆನ್ಸ್ ನವೀಕರಿಸುವುದಿಲ್ಲ ಎಂದು ಲೈಸೆನ್ಸ್ ಕಚೇರಿಯವರು ಬಾಯಿಮಾತಲ್ಲಿ ಹೇಳಿದ್ದಾರೆ. ಉದ್ಯಮ್ ನೋಂದಣಿ (ಸಣ್ಣ ಉದ್ಯಮಗಳಿಗೆ ಕೇಂದ್ರ ಸರ್ಕಾರದ ನೋಂದಣಿ), ಆಹಾರ ಲೈಸೆನ್ಸ್ ಎರಡೂ ಇವೆ. ಸಾಲದೇ?

ಕಡತ: ಸಾಲದು. ಉದ್ಯಮ್ ಬರೀ ನೋಂದಣಿ, ಅದು ಯಾವ ಅನುಮತಿಗೂ ಬದಲಿಯಲ್ಲ. ಬಾಯಿಮಾತನ್ನು ನಂಬಿ ವಾಪಸ್ ಬರಬೇಡಿ. ನವೀಕರಣದ ಅರ್ಜಿಯನ್ನು ಕಚೇರಿಯ ಟಪಾಲು ವಿಭಾಗದಲ್ಲಿ ಕೊಟ್ಟು ಸ್ವೀಕೃತಿ ಪಡೆಯಿರಿ. ಕೊಡುವುದಿಲ್ಲ ಎಂದಾದರೆ ಕಾರಣ ಬರೆದ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಕೇಳಿ. ಕಾಗದವಿಲ್ಲದೆ ಮೇಲ್ಮನವಿ ನಿಲ್ಲುವುದಿಲ್ಲ.

ನಿಮ್ಮ ನಿಜವಾದ ತೊಡಕು ಒಲೆ. ಮಾಲಿನ್ಯದ ಪ್ರಮಾಣ ನೋಡಿ ಉದ್ಯಮಗಳನ್ನು ವರ್ಗ ಮಾಡುವ ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿಯ 2016ರ ಪಟ್ಟಿಯಲ್ಲಿ ದಿನಕ್ಕೆ 1 ಟನ್ನಿಗಿಂತ ಕಡಿಮೆ ತಯಾರಿಸುವ ಬೇಕರಿ ಹಸಿರು ವರ್ಗ (ಕಡಿಮೆ ಮಾಲಿನ್ಯದ್ದು) ಆಗಿತ್ತು, ಆದರೆ ಗ್ಯಾಸ್ ಅಥವಾ ಕರೆಂಟಿನ ಒಲೆ ಇದ್ದರೆ ಮಾತ್ರ. ಸೌದೆ ಆ ಸಾಲಿನಲ್ಲಿ ಕೂರುತ್ತಿರಲಿಲ್ಲ. 2025ರಲ್ಲಿ ವರ್ಗೀಕರಣ ಪರಿಷ್ಕರಣೆಯಾಗಿದೆ, ಹಾಗಾಗಿ ಅರ್ಜಿಗೆ ಮುಂಚೆ ಈಗಿನ ಪಟ್ಟಿಯನ್ನು ನೋಡಿಯೇ ವರ್ಗ ಬರೆಯಿರಿ. ಇಂಧನ ಬದಲಿಸುವುದಿದ್ದರೆ ಅದನ್ನು ಮೊದಲೇ ತೀರ್ಮಾನಿಸಿ. ಸೌದೆ ಎಂದು ಬರೆದು ಆಮೇಲೆ ಗ್ಯಾಸಿಗೆ ಹೋದರೆ ಕಾಗದವನ್ನೆಲ್ಲ ಮತ್ತೆ ತಿದ್ದಿಸಬೇಕು.

ಸಮ್ಮತಿ ಪತ್ರದ ಶುಲ್ಕ ನಿಲ್ಲುವುದು ಬಂಡವಾಳದ ಮೇಲೆ. ಸಿಎ ಪ್ರಮಾಣಪತ್ರದ ಮೊತ್ತವೂ ಅರ್ಜಿಯ ಮೊತ್ತವೂ ತಾಳೆಯಾಗಲಿ. ಉತ್ಪಾದನೆಯ ಕಾಲಮಿನಲ್ಲಿ ಹಬ್ಬದ ದಿನಗಳ ಗರಿಷ್ಠ ಪ್ರಮಾಣ ಬರೆಯಿರಿ. ಸಮ್ಮತಿ ಪತ್ರದಲ್ಲಿ ಕಾಣಿಸಿದ ಪ್ರಮಾಣವೇ ನಿಮ್ಮ ಮಿತಿ.

ಹೊಗೆಕೊಳವೆ: ತಪಾಸಣೆಗೆ ಬರುವ ಮುಂಚೆ ದೂರಿನ ಮೂರೂ ಕಾರಣ ಸರಿಪಡಿಸಿ.

ಹೊಗೆ: ತೋಟದಲ್ಲಿ ಕಡಿದ ಸಿಲ್ವರ್ ಓಕ್ ಹಸಿಯಾಗಿಯೇ ಒಲೆ ಸೇರಿದರೆ ಬೆಂಕಿಯ ಕಾವೆಲ್ಲ ನೀರು ಆರಿಸಲು ಹೋಗಿ ಕಪ್ಪು ಹೊಗೆ ಏಳುತ್ತದೆ. ಸೀಳಿ, ಸೂರಿನಡಿ ಚೆನ್ನಾಗಿ ಒಣಗಿಸಿದ್ದನ್ನೇ ಹಾಕಿ. ಬಣ್ಣ ಬಳಿದ ಹಲಗೆ, ಪ್ಲೈವುಡ್ ಚೂರು ಬೇಡವೇ ಬೇಡ. ಕೊಳವೆಯ ತುದಿಗೆ ಮಳೆಗೆಂದು ಚಪ್ಪಟೆ ತಗಡು ಮುಚ್ಚಿದ್ದರೆ ಹೊಗೆ ಕೆಳಕ್ಕೇ ತಿರುಗಿ ಪಕ್ಕದ ಕಿಟಕಿಗೆ ನುಗ್ಗುತ್ತದೆ. ಅದನ್ನು ತೆಗೆಸಿ.

ಜನರೇಟರ್ ಕೊಳವೆಗೆ ಲೆಕ್ಕವಿದೆ: ಕಟ್ಟಡದ ಎತ್ತರಕ್ಕೆ, ಕೆವಿಎಯ ವರ್ಗಮೂಲದ 0.2 ಪಟ್ಟು ಮೀಟರ್ ಸೇರಿಸಿ. 25ರ ವರ್ಗಮೂಲ 5, ಅಂದರೆ 1 ಮೀಟರ್. ಕಟ್ಟಡ 5 ಮೀಟರ್ ಇದ್ದರೆ ಕೊಳವೆ 6.

ಸದ್ದು: ವಸತಿ ಪ್ರದೇಶದಲ್ಲಿ ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಮಿತಿ 45 ಡೆಸಿಬೆಲ್, ಹಗಲು 55. ನಾಲ್ಕು ಗಂಟೆಗೆ ಹಿಟ್ಟು ನಾದುವವರು ಸಿಕ್ಕಿಬೀಳುವುದು ಇಲ್ಲೇ. ಮಿಷನ್ನನ್ನು ಹಿಂಬದಿಯ ಮನೆಯ ಕಡೆಯ ಗೋಡೆಯಿಂದ ದೂರ ಸರಿಸಿ, ಅಡಿಗೆ ರಬ್ಬರ್ ಪ್ಯಾಡ್ ಕೊಡಿ.

ಚರಂಡಿ: ಟ್ರೇಯ ಡಾಲ್ಡಾವನ್ನು ಬಿಸಿನೀರಿಗೆ ಬಿಟ್ಟರೆ ಕರಗಿ ಹೋಗಿ ಮುಂದೆ ತಣ್ಣಗಾದಲ್ಲಿ ಗಟ್ಟಿಯಾಗುತ್ತದೆ. ಮೊದಲು ಕೆರೆದು, ಒರೆಸಿ, ಆಮೇಲೆ ತೊಳೆಯಿರಿ. ಎರಡು ಅಂಕಣದ ಜಿಡ್ಡು ತೊಟ್ಟಿ ಕಟ್ಟಿಸಿ. ನೀರು ಅರ್ಧ ಗಂಟೆ ನಿಲ್ಲುವಂತಿರಲಿ: ಜೋರು ಹೊತ್ತಿನಲ್ಲಿ ಗಂಟೆಗೆ 600 ಲೀಟರ್ ಹರಿದರೆ 300 ಲೀಟರಿನ ತೊಟ್ಟಿ. ಹೊರಹೋಗುವ ಪೈಪಿಗೆ ಟೀ (T ಆಕಾರದ ಜೋಡಣೆ) ಹಾಕಿ, ಅದರ ಕೆಳಕಾಲು ಜಿಡ್ಡಿನ ಪದರ ದಾಟಿ ನೀರಿನೊಳಗಿರಬೇಕು.

ಒಲೆಬೆಂಕಿ: ಅರ್ಜಿ ಹಾಕಿ ನಾಲ್ಕು ತಿಂಗಳು ಉತ್ತರ ಬರದಿದ್ದರೆ ಸಮ್ಮತಿ ಸಿಕ್ಕಂತೆಯೇ ಅಂತಾರಲ್ಲ?

ಕಡತ: ಅದು 1974ರ ಜಲ (ಮಾಲಿನ್ಯ ತಡೆ) ಕಾಯ್ದೆಯ 25(7)ನೇ ಕಲಮಿನ ಮಾತು, ಅದೂ ಅರ್ಜಿ ಎಲ್ಲ ರೀತಿಯಲ್ಲೂ ಪೂರ್ಣವಾಗಿದ್ದರೆ. ನಿಮ್ಮ ಮೇಲಿನ ಮುಖ್ಯ ತಕರಾರು ಹೊಗೆಯದು. 1981ರ ವಾಯು ಕಾಯ್ದೆಯ 21ನೇ ಕಲಮಿನಲ್ಲಿ ನಾಲ್ಕು ತಿಂಗಳ ಗಡುವಿದೆ, ‘ಸಿಕ್ಕಂತೆ’ ಎಂಬ ವಾಕ್ಯವಿಲ್ಲ. ಅದನ್ನು ನೆಚ್ಚಿ ಕೂರಬೇಡಿ. ಮಂಡಳಿ ತಿರಸ್ಕರಿಸಿದರೆ ಆದೇಶ ಕೈಸೇರಿದ 30 ದಿನದೊಳಗೆ ರಾಜ್ಯದ ಮೇಲ್ಮನವಿ ಪ್ರಾಧಿಕಾರಕ್ಕೆ ಹೋಗಬಹುದು: ಜಲ ಕಾಯ್ದೆ 28, ವಾಯು ಕಾಯ್ದೆ 31. ಆದೇಶ ಬಂದ ಲಕೋಟೆಯನ್ನೂ ಜೋಪಾನ ಮಾಡಿ, ದಿನದ ಲೆಕ್ಕಕ್ಕೆ ಅಂಚೆ ಮುದ್ರೆ ಬೇಕಾಗುತ್ತದೆ.