ಕೊಲಂಬಸ್‌ನಲ್ಲಿ ಒಹಾಯೊ ಸ್ಟೇಟ್–ಮಿಶಿಗನ್ ಪಂದ್ಯಕ್ಕೆ ಏನು ಹಾಕ್ಕೊಂಡು ಹೋಗೋದು?

ಹೊಸ_ಬಕೈ:
ನವೆಂಬರ್ ಕೊನೇ ಶನಿವಾರ ನಮ್ಮ ಒಹಾಯೊ ಸ್ಟೇಟ್ ಯೂನಿವರ್ಸಿಟಿಗೂ ಮಿಶಿಗನ್ ಯೂನಿವರ್ಸಿಟಿಗೂ ಅಮೆರಿಕನ್ ಫುಟ್‌ಬಾಲ್ ಮ್ಯಾಚ್, ಮಧ್ಯಾಹ್ನ 12ಕ್ಕೆ ಶುರು. ಸೌತ್ ಸ್ಟ್ಯಾಂಡ್ಸ್‌ನಲ್ಲಿ ವಿದ್ಯಾರ್ಥಿಗಳ ಟಿಕೆಟ್ ಸಿಕ್ಕಿದೆ. ನನ್ನ ಹತ್ರ ಇರೋದಿಷ್ಟು: ನೇವಿ ಬ್ಲೂ ದಪ್ಪ ಜಾಕೆಟ್, ಬೂದು ಬಣ್ಣದ ಹೂಡಿ, ಆರ್‌ಸಿಬಿ ಜೆರ್ಸಿ, ಜೀನ್ಸ್, ಕ್ಯಾನ್ವಾಸ್ ಶೂ, ರಾಜ್ಯೋತ್ಸವಕ್ಕೆ ಅಂತ ತಂದ ಹಳದಿ-ಕೆಂಪು ಶಲ್ಯ. ಹೊಸದಾಗಿ 60 ಡಾಲರ್‌ಗಿಂತ ಜಾಸ್ತಿ ಖರ್ಚು ಮಾಡೋ ಹಾಗಿಲ್ಲ. ರೂಮ್‌ಮೇಟ್ ಕೆಂಪು ಸೀರೆ ಉಟ್ಕೊಂಡು ಬರ್ತೀನಿ ಅಂತಿದ್ದಾಳೆ, ಅದು ಆಗೋ ಮಾತಾ?

ಮಂಡ್ಯದ್_ಹೈದ:
ಮೊದಲು ಬಣ್ಣ ನೋಡೋಣ, ಬಟ್ಟೆ ಆಮೇಲೆ. ಒಹಾಯೊ ಸ್ಟೇಟ್ ಬಣ್ಣ ಕಡುಗೆಂಪು ಮತ್ತು ಬೂದು. ಮಿಶಿಗನ್‌ದು ಜೋಳದ ಹಳದಿ ಮತ್ತು ಕಡುನೀಲಿ. ಬೇರೆ ಪಂದ್ಯಕ್ಕೆ ನೀಲಿ ಜಾಕೆಟ್ ಹಾಕ್ಕೊಂಡ್ರೆ ಯಾರೂ ತಿರುಗಿ ನೋಡಲ್ಲ, ಈ ವಾರ ಮಾತ್ರ ನೋಡ್ತಾರೆ. ಕ್ಯಾಂಪಸ್‌ನ ಬೋರ್ಡುಗಳ ಮೇಲಿರೋ ‘ಎಂ’ ಅಕ್ಷರಕ್ಕೇ ಕೆಂಪು ಟೇಪು ಹಚ್ಚಿ ಕಾಟು ಹೊಡೆಯೋ ವಾರ ಇದು. ಎದೆ ಮೇಲೆ ದೊಡ್ಡ ‘ಎಂ’ ಇರೋ ಟೀ ಶರ್ಟೂ ಬೇಡ. (ಮೈಸೂರು, ಮಂಡ್ಯ, ಮಂಗಳೂರು, ಮಡಿಕೇರಿಯವರೆಲ್ಲ ಗಮನಿಸಿ.)

ನಿನ್ನ ಸಾಮಾನು ಒಂದೊಂದಾಗಿ ನೋಡಿದ್ರೆ, ಹೂಡಿ ಸರಿಯಾಗಿದೆ, ಬೂದು ನಮ್ಮ ಬಣ್ಣವೇ. ಜೀನ್ಸ್ ನೀಲಿಯಾದ್ರೂ ಪರವಾಗಿಲ್ಲ, ಅರ್ಧ ಸ್ಟೇಡಿಯಂ ಅದನ್ನೇ ಹಾಕಿರುತ್ತೆ. ಆರ್‌ಸಿಬಿ ಜೆರ್ಸಿ ಯಾವ ವರ್ಷದ್ದು ಅನ್ನೋದು ಮುಖ್ಯ. ಹಳೇ ಕೆಂಪು-ಕಪ್ಪು ಆದ್ರೆ ಧಾರಾಳವಾಗಿ ಹಾಕ್ಕೋ. 2024ರಲ್ಲಿ ಕಪ್ಪು ತೆಗೆದು ಗಾಢ ನೀಲಿ ತಂದ್ರಲ್ಲ, ಅದಾದ್ರೆ ಮನೇಲೇ ಇರಲಿ. ಶಲ್ಯದ್ದೂ ಅದೇ ತೊಂದರೆ. ಕೆಂಪು ಭಾಗ ಸರಿ, ಹಳದಿ ಭಾಗ ದೂರದಿಂದ ಮಿಶಿಗನ್ ಸ್ಕಾರ್ಫ್ ಥರ ಕಾಣುತ್ತೆ. ಅದರ ಜತೆಗೆ ನೇವಿ ಜಾಕೆಟ್ಟೂ ಸೇರಿದ್ರೆ ಪೂರ್ತಿ ಎದುರಾಳಿ ವೇಷ.

ಹೊಸ ಜಾಕೆಟ್ ಕೊಳ್ಳೋದೇನೂ ಬೇಡ. ಗುಡ್‌ವಿಲ್ ಥರ ಸೆಕೆಂಡ್ ಹ್ಯಾಂಡ್ ಅಂಗಡೀಲಿ ಕೆಂಪು ಸ್ವೆಟ್‌ಶರ್ಟನ್ನೋ ಜೆರ್ಸಿಯನ್ನೋ ಎರಡು ಸೈಜ್ ದೊಡ್ಡದು ನೋಡಿ ತಗೊಂಡು ನೀಲಿ ಜಾಕೆಟ್ ಮೇಲೇ ಹಾಕ್ಕೊಂಡುಬಿಡು. ಸೈಜ್ ಸಾಲದಿದ್ರೆ ಒಳಗಿನ ಜಾಕೆಟ್ ಹಿಂಡಿಹೋಗಿ ಅದರೊಳಗಿನ ಗಾಳಿ ಹೊರಗೆ ಹೋಗುತ್ತೆ. ಬಿಸಿ ಹಿಡಿಯೋದು ಆ ಗಾಳಿಯೇ. ಮರೂನ್ ಬೇಡ, ಅದು ಬೇರೆ ಕಾಲೇಜುಗಳ ಬಣ್ಣ. ಕುಂಕುಮದ ಕೆಂಪಿಗೆ ಹತ್ತಿರ ಇರೋದು ಹುಡುಕು.

ಇನ್ನೊಂದು, ಬಕೈ ಅಂತ ಒಹಾಯೊದ ಒಂದು ಮರ, ನಮ್ಮ ತಂಡದ ಹೆಸರೂ ಅದೇ; ಅದರ ಕಾಯಿ ಪೋಣಿಸಿದ ಹಾರ ಸಿಗುತ್ತೆ. ಅಲ್ಲಿನವರು ಹಾಕ್ಕೊಳ್ಳೋದು ಅದೇ. ಆದ್ರೆ ಆ ಕಾಯಿ ವಿಷ, ಬಾಯಿಗೆ ಹಾಕೋ ಹಾಗಿಲ್ಲ. ಅದೇ ಹೆಸರಲ್ಲಿ ಕಡಲೆಕಾಯಿ ಬೆಣ್ಣೆ, ಚಾಕೊಲೇಟಿನ ಮಿಠಾಯಿ ಬರುತ್ತೆ, ತಿನ್ನೋದಾದ್ರೆ ಅದನ್ನ ತಿನ್ನು.

ಚಳಿಗಾಳಿ:
ಬಣ್ಣದ ವಿಷಯ ಒಪ್ಪಿದೆ. ಆದರೆ ಈ ಪಂದ್ಯಕ್ಕೆ ಬಂದು ಒದ್ದಾಡುವವರು ಸೋಲುವುದು ಮಿಶಿಗನ್‌ಗಿಂತ ಹೆಚ್ಚಾಗಿ ಚಳಿಗೆ. ನವೆಂಬರ್ ಕೊನೆಯಲ್ಲಿ ಕೊಲಂಬಸ್‌ನ ಹಗಲು ಸಾಮಾನ್ಯವಾಗಿ 5ರಿಂದ 10 ಡಿಗ್ರಿ ಸೆಲ್ಸಿಯಸ್, ಕೆಟ್ಟ ದಿನವಾದರೆ ಸೊನ್ನೆಗಿಂತ ಕೆಳಗೆ. ಉಷ್ಣಾಂಶ −1 ಇದ್ದು ಗಾಳಿ ಗಂಟೆಗೆ 24 ಕಿ.ಮೀ. ಬೀಸಿದರೆ ಚರ್ಮಕ್ಕೆ −7ರಂತೆ ತಾಗುತ್ತದೆ. 1950ರಲ್ಲಿ ಇದೇ ಸ್ಟೇಡಿಯಂನಲ್ಲಿ ಇದೇ ಪಂದ್ಯ ಹಿಮದ ಬಿರುಗಾಳಿಯಲ್ಲೇ ನಡೆಯಿತು. ಮಿಶಿಗನ್ ಒಂದೇ ಒಂದು ಫಸ್ಟ್ ಡೌನ್ (ನಾಲ್ಕು ಯತ್ನದೊಳಗೆ ಹತ್ತು ಗಜ ಮುನ್ನಡೆ) ಮಾಡದೆ 9–3ರಿಂದ ಗೆದ್ದಿತು.

ಲೆಕ್ಕ ಹಾಕಬೇಕಾದದ್ದು ಪಂದ್ಯದ ಮೂರೂವರೆ ಗಂಟೆಯನ್ನಷ್ಟೇ ಅಲ್ಲ. ಬ್ಯಾಂಡಿನವರು ‘ಒಹಾಯೊ’ ಎಂದು ಮೈದಾನದಲ್ಲಿ ಬರೆಯುವುದನ್ನು ನೋಡಬೇಕೆಂದರೆ ಅರ್ಧ ಗಂಟೆ ಮುಂಚೆಯೇ ಜಾಗದಲ್ಲಿರಬೇಕು. ಗೇಟಿನ ಸಾಲು, ಹೊರಗೆ ಬರುವ ನೂಕುನುಗ್ಗಲು ಸೇರಿದರೆ ಐದು ಗಂಟೆ ಬಯಲಲ್ಲಿ. ಆ ಭಾಗದ ವಿದ್ಯಾರ್ಥಿಗಳು ಪೂರ್ತಿ ಪಂದ್ಯ ನಿಂತೇ ನೋಡುತ್ತಾರೆ, ಹಾಗಾಗಿ ಕುಶನ್ನಿಗೆ ದುಡ್ಡು ಹಾಕಬೇಡಿ. ಪಾದಕ್ಕೆ ಹಾಕಿ.

ಕ್ಯಾನ್ವಾಸ್ ಶೂ ಅಲ್ಲೇ ಕೈಕೊಡುತ್ತದೆ. ತೆಳು ಅಟ್ಟೆಯ ಮೂಲಕ ಕಾಂಕ್ರೀಟ್ ಪಾದದ ಬಿಸಿ ಎಳೆದುಕೊಳ್ಳುತ್ತದೆ, ಎರಡನೇ ಕ್ವಾರ್ಟರಿನ ಹೊತ್ತಿಗೆ ಬೆರಳು ಮರಗಟ್ಟುತ್ತದೆ. ದಪ್ಪ ಅಟ್ಟೆಯ ಬೂಟು ಇಲ್ಲದಿದ್ದರೆ ರಟ್ಟಿನ ಡಬ್ಬ ಬಿಚ್ಚಿ ಎರಡು ಪದರ ಮಡಿಸಿ ಕಾಲಡಿ ಹಾಕಿಕೊಳ್ಳಿ. ಪುಕ್ಕಟೆ, ಆದರೂ ಅದರಷ್ಟು ಕೆಲಸಕ್ಕೆ ಬರುವುದು ಬೇರೊಂದಿಲ್ಲ. ಉಣ್ಣೆ ಮಿಶ್ರಿತ ಕಾಲುಚೀಲ ಒಂದೇ ಜೊತೆ ಸಾಕು. ಎರಡು ಜೊತೆ ತುರುಕಿದರೆ ಶೂ ಬಿಗಿಯಾಗಿ ರಕ್ತ ಸಂಚಾರ ಕಡಿಮೆಯಾಗಿ ಇನ್ನೂ ಬೇಗ ತಣ್ಣಗಾಗುತ್ತದೆ.

ಮೈಗೆ ಅಂಟುವ ಬಟ್ಟೆ ಹತ್ತಿಯದಾಗಬಾರದು. ಸ್ಟೇಡಿಯಂಗೆ ನಡೆದುಬರುವಾಗ ಬೆವರುತ್ತೀರಿ, ಹತ್ತಿ ಆ ಬೆವರನ್ನು ಹೀರಿ ಹಿಡಿದಿಟ್ಟುಕೊಳ್ಳುತ್ತದೆ, ನಿಂತ ಮೇಲೆ ಒದ್ದೆ ಬಟ್ಟೆ ತಣ್ಣಗೆ ಬೆನ್ನಿಗಂಟುತ್ತದೆ. ಪಾಲಿಯೆಸ್ಟರ್ ಥರ್ಮಲ್, ಅದರ ಮೇಲೆ ಹೂಡಿ, ಅದರ ಮೇಲೆ ಜಾಕೆಟ್. ಥರ್ಮಲ್ ಉದ್ದವಾಗಿರಲಿ, ಪ್ಯಾಂಟಿನೊಳಗೆ ಸಿಕ್ಕಿಸಿ. ಕಾರಣ ಇದೆ: ‘ಓ–ಎಚ್’ ಎಂದು ಒಬ್ಬರು ಕೂಗಿದರೆ ‘ಐ–ಓ’ ಎಂದು ಉತ್ತರ ಕೂಗುತ್ತ ಎರಡೂ ಕೈ ಮೇಲೆತ್ತಿ ಆ ಅಕ್ಷರಗಳ ಆಕಾರ ಮಾಡಬೇಕು, ಎತ್ತಿದಾಗಲೆಲ್ಲ ಗಿಡ್ಡ ಜಾಕೆಟ್ ಮೇಲೆ ಸರಿದು ಹೊಟ್ಟೆಗೆ ಗಾಳಿ ನುಗ್ಗುತ್ತದೆ. ಇದು ನೂರು ಸಲವಾದರೂ ಆಗುತ್ತದೆ.

ಬಿಯರ್ ಕುಡಿದರೆ ಬೆಚ್ಚಗಾಗುತ್ತದೆ ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಚರ್ಮದ ರಕ್ತನಾಳ ಹಿಗ್ಗಿ ಬಿಸಿ ಅನಿಸುತ್ತದೆ ಅಷ್ಟೆ, ಮೈಯ ಶಾಖ ಹೊರಗೆ ಹೋಗುತ್ತಿರುತ್ತದೆ.

ಹೊಸ_ಬಕೈ:
ಇಬ್ಬರಿಗೂ ಥ್ಯಾಂಕ್ಸ್. ಜೆರ್ಸಿ ಹಳೇದೇ, ಕೆಂಪು-ಕಪ್ಪು! 60 ಡಾಲರ್‌ನಲ್ಲಿ ಮೊದಲು ಏನು ತಗೊಳ್ಳಲಿ? ಮಳೆ ಬಂದ್ರೆ? ಇನ್ನೊಂದು ತಲೆನೋವು, ಮಿಶಿಗನ್ ಯೂನಿವರ್ಸಿಟಿ ಇರೋ ಆನ್ ಆರ್ಬರ್‌ನಲ್ಲಿ ಓದ್ತಿರೋ ಚಿಕ್ಕಪ್ಪನ ಮಗ ಅವರ ಕಾಲೇಜಿನ ನೀಲಿ ಹೂಡಿ ಹಾಕ್ಕೊಂಡೇ ಬರ್ತೀನಿ ಅಂತಿದ್ದಾನೆ. ಅವನ ಟಿಕೆಟ್ ಬೇರೆ ಕಡೆ.

ತುಂಗಾತೀರ:
ದುಡ್ಡು ಹೀಗೆ ಹಂಚಿಕೊಳ್ಳಿ. ಥರ್ಮಲ್ ಮೇಲಿನದು-ಕೆಳಗಿನದು ಜೊತೆಗೆ ಸುಮಾರು 25, ಕಾಲುಚೀಲಕ್ಕೆ 10, ಕೆಂಪು ಸ್ವೆಟ್‌ಶರ್ಟಿಗೆ 10, ಉಳಿದದ್ದರಲ್ಲಿ ಕಿವಿ ಮುಚ್ಚುವ ಟೋಪಿ, ಫೋನ್ ಮುಟ್ಟಬಹುದಾದ ಕೈಗವಸು, ಒಂದು ಪ್ಲಾಸ್ಟಿಕ್ ಪೊಂಚೊ (ತಲೆಯ ಮೇಲಿಂದ ಹಾಕಿಕೊಳ್ಳುವ ಮಳೆ ಹೊದಿಕೆ), ಎರಡು ಜೊತೆ ಹ್ಯಾಂಡ್ ವಾರ್ಮರ್. ಸ್ಟೇಡಿಯಂ ಹತ್ತಿರ ಪಂದ್ಯದ ದಿನ ಕೊಳ್ಳಬೇಡಿ, ಇದೇ ಪೊಂಚೊಗೆ ಬಾಯಿಗೆ ಬಂದ ಬೆಲೆ ಹೇಳುತ್ತಾರೆ.

ಛತ್ರಿ ಒಳಗೆ ಬಿಡುವುದಿಲ್ಲ. ಪೊಂಚೊ ಪಾರದರ್ಶಕದ್ದೇ ಇರಲಿ, ಇಲ್ಲದಿದ್ದರೆ ಅಷ್ಟು ಕಷ್ಟಪಟ್ಟು ಹುಡುಕಿದ ಕೆಂಪು ಯಾರಿಗೂ ಕಾಣುವುದಿಲ್ಲ. ನೀಲಿ ಪೊಂಚೊ ಮಾತ್ರ ಸಿಕ್ಕರೆ ಕಸದ ಚೀಲ ಕತ್ತರಿಸಿ ಹಾಕಿಕೊಳ್ಳುವುದೇ ವಾಸಿ.

ಹ್ಯಾಂಡ್ ವಾರ್ಮರಿನಲ್ಲಿ ಇರುವುದು ಕಬ್ಬಿಣದ ಪುಡಿ. ಗಾಳಿ ತಗಲಿ ತುಕ್ಕು ಹಿಡಿಯುವಾಗ ಬಿಸಿ ಬರುತ್ತದೆ. ಅದಕ್ಕೇ ಪೊಟ್ಟಣ ಒಡೆದು ಚೆನ್ನಾಗಿ ಅಲ್ಲಾಡಿಸಿ, ಕಾಲು ಗಂಟೆ ಬಿಟ್ಟು ಬಳಸಬೇಕು. ಒಡೆದ ತಕ್ಷಣ ಬಿಗಿ ಕೈಗವಸಿನೊಳಗೆ ತುರುಕಿ ‘ಇದು ಕೆಟ್ಟಿದೆ’ ಅನ್ನುವವರೇ ಜಾಸ್ತಿ, ಗಾಳಿ ಇಲ್ಲದೆ ಅದು ಕೆಲಸ ಮಾಡುವುದಿಲ್ಲ. ಇದೇ ಗುಣವನ್ನು ನಮ್ಮ ಅನುಕೂಲಕ್ಕೂ ಬಳಸಬಹುದು: ಮನೆಗೆ ಬಂದ ಮೇಲೆ ಜಿಪ್ ಚೀಲಕ್ಕೆ ಹಾಕಿ ಗಾಳಿ ಒತ್ತಿ ತೆಗೆದು ಮುಚ್ಚಿದರೆ ಉಳಿದ ಬಿಸಿ ಮುಂದಿನ ಸಲಕ್ಕೆ ಸಿಗುತ್ತದೆ. ಶೂ ಒಳಗೆ ಹಾಕಲು ಬೇರೆಯದೇ ಟೋ ವಾರ್ಮರ್ ಸಿಗುತ್ತದೆ, ಅದನ್ನೇ ಕೊಳ್ಳಿ. ಯಾವುದನ್ನೂ ಬರಿ ಚರ್ಮಕ್ಕೆ ಅಂಟಿಸಬೇಡಿ, ಸುಟ್ಟೀತು.

ಫೋನನ್ನು ಹೂಡಿಯ ಒಳಜೇಬಿನಲ್ಲಿಡಿ. ಚಳಿಗೆ ಬ್ಯಾಟರಿ ಬೇಗ ಕುಸಿಯುತ್ತದೆ, ಟಿಕೆಟ್ ಇರುವುದು ಅದರಲ್ಲೇ. ಚೀಲ ತರುವುದಾದರೆ ಒಳಗಿನದು ಕಾಣುವಂಥ ಪ್ಲಾಸ್ಟಿಕ್ಕಿನದು. ಅಳತೆಯ ನಿಯಮವನ್ನು ಆ ವಾರವೇ ವಿಶ್ವವಿದ್ಯಾಲಯದ ಪುಟದಲ್ಲಿ ನೋಡಿಕೊಳ್ಳಿ.

ಸೀರೆ ಆಗದ ಮಾತೇನಲ್ಲ, ಆದರೆ ಬರೀ ಲಂಗದ ಮೇಲೆ ಬೇಡ. ಉಣ್ಣೆ ಲೆಗ್ಗಿಂಗ್ಸ್, ಬೂಟು, ರವಿಕೆಯ ಬದಲು ಕೆಂಪು ಅಥವಾ ಬೂದು ಪೂರ್ಣ ತೋಳಿನ ಟರ್ಟಲ್‌ನೆಕ್. ನೆರಿಗೆ ಪಾದದ ಗಂಟಿನಿಂದ ನಾಲ್ಕು ಬೆರಳು ಮೇಲಿರಲಿ. ಮೆಟ್ಟಿಲು ಕಡಿದು, ಹಿಂದಿನಿಂದ ಬರುವವರು ಅಂಚು ತುಳಿಯುತ್ತಾರೆ. ಸೆರಗನ್ನು ಮಡಿಸಿ ಹೆಗಲಲ್ಲಿ ಎರಡು ಪಿನ್ನು, ಸೊಂಟದಲ್ಲಿ ಒಂದು, ಕೈ ಎತ್ತಿ ಕುಣಿದರೂ ನಿಲ್ಲಬೇಕು. ಸಾದಾ ಸಿಂಥೆಟಿಕ್ ಸೀರೆ ಸಾಕು, ರೇಷ್ಮೆಗೆ ಕೆಚಪ್ ಮತ್ತು ಕೆಸರು ಎರಡೂ ಕಾದಿರುತ್ತವೆ. ಚಿನ್ನದ ಜರಿಯಂಚು ಪರವಾಗಿಲ್ಲ, ಅಗಲವಾದ ಹಳದಿ ಅಂಚು ಬೇಡ.

ಮಂಡ್ಯದ್_ಹೈದ:
ಆ ಚಿಕ್ಕಪ್ಪನ ಮಗನ ವಿಷಯ. ಅವನು ನೀಲಿ ಹಾಕೋದ್ರಲ್ಲಿ ತಪ್ಪಿಲ್ಲ, ಅವನ ಕಾಲೇಜು. ದಿನವಿಡೀ ಬೈಸಿಕೊಳ್ಳೋಕೆ ತಯಾರಾಗಿರಬೇಕು, ತಿರುಗಿ ಬೈಬಾರದು ಅಷ್ಟೆ. ನಿನ್ನ ಜತೆ ವಿದ್ಯಾರ್ಥಿಗಳ ಕಡೆ ಬಂದು ನಿಲ್ಲೋದು ಮಾತ್ರ ಬೇಡ. ಮೇಲೆ ಹಾಕ್ಕೊಳ್ಳೋಕೆ ಒಂದು ಕಪ್ಪು ಜಾಕೆಟ್ ಜತೇಲಿರಲಿ. ಗೇಟಿನ ಸಾಲಲ್ಲಿ, ಅದಕ್ಕಿಂತ ಮುಖ್ಯವಾಗಿ ಪಂದ್ಯ ಮುಗಿದ ಮೇಲೆ ಕ್ಯಾಂಪಸ್ ಪಕ್ಕದ ಹೈ ಸ್ಟ್ರೀಟಲ್ಲಿ ನಡೆಯುವಾಗ ಜಿಪ್ ಎಳೆದುಕೊಳ್ಳಲಿ. 2024ರಲ್ಲಿ ಮಿಶಿಗನ್ 13–10ರಿಂದ ಗೆದ್ದು ಮೈದಾನದ ನಡುವೆ ಬಾವುಟ ನೆಡಲು ಹೋದಾಗ ಆಟಗಾರರೇ ಹೊಡೆದಾಡಿ, ಪೊಲೀಸರು ಪೆಪ್ಪರ್ ಸ್ಪ್ರೇ ಬಳಸಿದ್ರು. ಅವರು ಗೆದ್ದ ದಿನ ನೀಲಿ ಕಾಣದ ಹಾಗೆ ಮನೆ ಸೇರೋದು ಒಳ್ಳೇದು.

ಬೆಸ ವರ್ಷದಲ್ಲಿ ಪಂದ್ಯ ಅವರ ಊರಲ್ಲಿ ನಡೆಯುತ್ತೆ. ಆಗ ಕೆಂಪಿನ ಮೇಲೆ ಕಪ್ಪು ಜಾಕೆಟ್ ಹಾಕ್ಕೊಳ್ಳೋ ಸರದಿ ನಿಂದು.

ಹೊಸ_ಬಕೈ:
ಸರಿ ಗುರು. ಪಂದ್ಯಕ್ಕೆ ಮುಂಚಿನ ಶನಿವಾರವೇ ಥರ್ಮಲ್, ಕಾಲುಚೀಲ ತರ್ತೀನಿ. ರಟ್ಟು ಒಳಗೆ ಬಿಡ್ತಾರಾ?

ಚಳಿಗಾಳಿ:
ಕೋಲಿಗೆ ಕಟ್ಟಿದ ಬೋರ್ಡಿನಂತೆ ತಂದರೆ ತಡೆಯಬಹುದು. ಶೂ ಅಳತೆಗೆ ಕತ್ತರಿಸಿ ಜಾಕೆಟ್ಟಿನೊಳಗೆ ಚಪ್ಪಟೆಯಾಗಿ ಇಟ್ಟುಕೊಳ್ಳಿ, ಕೇಳಿದರೆ ಕಾಲಡಿ ಹಾಕಲು ಎನ್ನಿ. ತೆಗೆದುಕೊಂಡರೂ ನಷ್ಟವಿಲ್ಲ, ಒಳಗೆ ತಿಂಡಿ ಕೊಟ್ಟ ರಟ್ಟಿನ ತಟ್ಟೆ ನಾಲ್ಕು ಸೇರಿಸಿದರೆ ಅದೇ ಕೆಲಸ ಆಗುತ್ತದೆ.