ಮಗಳ ಓದಿಗಾಗಿ ಡಾಲರ್ ಉಳಿತಾಯ: ಹೊರದೇಶದ ಷೇರೋ, ಇಲ್ಲಿನ ಫಂಡೋ?

ಕೋಥ್ರೂಡ್ ಕನ್ನಡತಿ, ಪುಣೆ

ಎಲ್ಲರಿಗೂ ನಮಸ್ಕಾರ. ನಾನೂ ನಮ್ಮ ಯಜಮಾನರೂ ಹಿಂಜವಡಿಯಲ್ಲಿ ಐಟಿ ಕೆಲಸದಲ್ಲಿದ್ದೇವೆ. ಈಗ ಏಳನೆಯ ತರಗತಿಯಲ್ಲಿರುವ ಮಗಳನ್ನು ಪದವಿಯ ನಂತರ ಅಮೆರಿಕದಲ್ಲಿ ಓದಿಸಬೇಕೆಂಬುದು ನಮ್ಮ ಆಸೆ. ಶುಲ್ಕ ಕಟ್ಟಬೇಕಾದದ್ದು ಡಾಲರಿನಲ್ಲಿ, ನಮ್ಮ ಉಳಿತಾಯವೆಲ್ಲ ರೂಪಾಯಿಯಲ್ಲಿ. 2014ರಲ್ಲಿ ಸುಮಾರು 60 ರೂಪಾಯಿಗೆ ಸಿಗುತ್ತಿದ್ದ ಡಾಲರು 2024ರ ಕೊನೆಗೆ 85 ದಾಟಿತ್ತು ಎಂಬುದನ್ನು ನೆನೆದರೆ ಚಿಂತೆಯಾಗುತ್ತದೆ. ನೇರವಾಗಿ ಅಮೆರಿಕದ ಷೇರುಪೇಟೆಯಲ್ಲಿ ಖಾತೆ ತೆರೆಯುವುದು ಒಳ್ಳೆಯದೋ, ಇಲ್ಲಿನ ಮ್ಯೂಚುವಲ್ ಫಂಡಿನ ಮೂಲಕ ಹೋಗುವುದು ಒಳ್ಳೆಯದೋ, ತಿಳಿದವರು ದಯವಿಟ್ಟು ಹೇಳಿ.

ಡೊಂಬಿವಲಿ ಲೆಕ್ಕಿಗ, ಮುಂಬೈ

ಮೇಡಂ, ಖರ್ಚು ಯಾವ ಕರೆನ್ಸಿಯಲ್ಲಿದೆಯೋ ಉಳಿತಾಯದ ಒಂದು ಪಾಲೂ ಅದರಲ್ಲೇ ಇರಬೇಕೆಂಬ ನಿಮ್ಮ ಯೋಚನೆ ಸರಿಯಾಗಿದೆ. ಹೊರದೇಶಕ್ಕೆ ಹಣ ಕಳುಹಿಸಲು ಅವಕಾಶ ಕೊಡುವ ರಿಸರ್ವ್ ಬ್ಯಾಂಕಿನ ಎಲ್‌ಆರ್‌ಎಸ್ ಯೋಜನೆಯಡಿ ಒಬ್ಬ ವ್ಯಕ್ತಿ ಒಂದು ಹಣಕಾಸು ವರ್ಷದಲ್ಲಿ 2,50,000 ಡಾಲರ್‌ವರೆಗೆ ಹೊರಗೆ ಕಳುಹಿಸಬಹುದು. ಹೂಡಿಕೆಗೆ ಕಳುಹಿಸುವ ಮೊತ್ತ ವರ್ಷಕ್ಕೆ 10 ಲಕ್ಷ ರೂಪಾಯಿ ಮೀರಿದರೆ, ಮೀರಿದ ಭಾಗದ ಮೇಲೆ ಬ್ಯಾಂಕು ಶೇಕಡ 20ರಷ್ಟು ಟಿಸಿಎಸ್ (ಮೂಲದಲ್ಲೇ ವಸೂಲು ಮಾಡುವ ತೆರಿಗೆ) ಹಿಡಿಯುತ್ತದೆ. ಇದು ಹೆಚ್ಚುವರಿ ತೆರಿಗೆಯಲ್ಲ, ಆದಾಯ ತೆರಿಗೆ ರಿಟರ್ನ್ಸ್‌ನಲ್ಲಿ ಹೊಂದಿಕೆಯಾಗುತ್ತದೆ. ಆದರೂ ಅಲ್ಲಿಯವರೆಗೆ ನಿಮ್ಮ ಹಣ ಸರ್ಕಾರದ ಬಳಿ ಇರುವುದರಿಂದ, ವರ್ಷಕ್ಕೆ ಆ 10 ಲಕ್ಷದ ಮಿತಿಯೊಳಗೆ ಕಳುಹಿಸುವುದೇ ಜಾಣತನ.

ಹೆಚ್ಚಿನವರು ಎಡವುವುದು ಕಾಗದಪತ್ರಗಳಲ್ಲಿ. ವಿದೇಶದಲ್ಲಿ ಒಂದೇ ಷೇರಿದ್ದರೂ ರಿಟರ್ನ್ಸ್‌ನ ವಿದೇಶಿ ಆಸ್ತಿಯ ಪಟ್ಟಿಯಾದ ಶೆಡ್ಯೂಲ್ ಎಫ್‌ಎಯಲ್ಲಿ ತೋರಿಸಲೇಬೇಕು, ಅದೂ ಹಣಕಾಸು ವರ್ಷದ ಲೆಕ್ಕದಲ್ಲಲ್ಲ, ಜನವರಿಯಿಂದ ಡಿಸೆಂಬರ್‌ವರೆಗಿನ ಲೆಕ್ಕದಲ್ಲಿ. ತೋರಿಸದಿದ್ದರೆ 2015ರ ಕಪ್ಪುಹಣ ಕಾಯ್ದೆಯಡಿ 10 ಲಕ್ಷ ರೂಪಾಯಿ ದಂಡ ಬೀಳಬಹುದು. ಸ್ಥಿರಾಸ್ತಿ ಬಿಟ್ಟು ಉಳಿದ ಆಸ್ತಿಗಳ ಮೊತ್ತ 20 ಲಕ್ಷ ಮೀರದಿದ್ದರೆ 2024ರ ಅಕ್ಟೋಬರ್‌ನಿಂದ ಈ ದಂಡಕ್ಕೆ ವಿನಾಯಿತಿ ಇದೆ, ಆದರೆ ಅದನ್ನು ನಂಬಿಕೊಂಡು ಸುಮ್ಮನಿರಬೇಡಿ. ಅಮೆರಿಕದ ಕಂಪನಿ ಕೊಡುವ ಲಾಭಾಂಶದಲ್ಲಿ ಅಲ್ಲೇ ಶೇಕಡ 25 ಕಡಿತವಾಗುತ್ತದೆ, ಅದರ ಕ್ರೆಡಿಟ್ಟನ್ನು ಇಲ್ಲಿ ಕಟ್ಟುವ ತೆರಿಗೆಯಲ್ಲಿ ಪಡೆಯಬಹುದು. ಷೇರನ್ನು 24 ತಿಂಗಳಿಗಿಂತ ಹೆಚ್ಚು ಕಾಲ ಇಟ್ಟುಕೊಂಡು ಮಾರಿದರೆ ಲಾಭದ ಮೇಲೆ ಶೇಕಡ 12.5 ತೆರಿಗೆ, ಜೊತೆಗೆ ಸೆಸ್ ಇತ್ಯಾದಿ.

ಇದಕ್ಕಿಂತ ಗಂಭೀರವಾದ ಒಂದು ವಿಷಯವನ್ನು ಖಾತೆ ತೆರೆಸುವವರು ಸಾಮಾನ್ಯವಾಗಿ ಹೇಳುವುದೇ ಇಲ್ಲ. ಅಲ್ಲಿನ ನಿವಾಸಿಯಲ್ಲದ ವಿದೇಶೀಯ ತೀರಿಕೊಂಡಾಗ ಅವರ ಅಮೆರಿಕದ ಆಸ್ತಿ 60,000 ಡಾಲರ್ ಮೀರಿದ್ದರೆ, ಮೀರಿದ್ದರ ಮೇಲೆ ಶೇಕಡ 40ರವರೆಗೆ ಎಸ್ಟೇಟ್ ತೆರಿಗೆ (ಸತ್ತವರು ಬಿಟ್ಟುಹೋದ ಆಸ್ತಿಯ ಮೇಲಿನ ತೆರಿಗೆ) ಬೀಳುತ್ತದೆ, ಮತ್ತು ಅಮೆರಿಕದ ಷೇರು, ಇಟಿಎಫ್‌ಗಳೂ (ಷೇರಿನಂತೆ ಪೇಟೆಯಲ್ಲಿ ಕೊಂಡು ಮಾರುವ ಫಂಡುಗಳು) ಆ ಆಸ್ತಿಯಲ್ಲಿ ಸೇರುತ್ತವೆ. ಐರ್ಲೆಂಡಿನಲ್ಲಿ ನೋಂದಾಯಿತವಾದ ಇಟಿಎಫ್‌ಗಳ ಮೂಲಕ ಅದೇ ಕಂಪನಿಗಳಲ್ಲಿ ಹೂಡಿದರೆ ಈ ತೆರಿಗೆ ತಟ್ಟುವುದಿಲ್ಲ.

ಮಡಗಾಂವ್ ನಿವಾಸಿ, ಗೋವಾ

ಫಂಡಿನ ದಾರಿಯ ಬಗ್ಗೆ ಎರಡು ಮಾತು. ಅದರಲ್ಲಿ ಟಿಸಿಎಸ್ ಇಲ್ಲ, ಶೆಡ್ಯೂಲ್ ಎಫ್‌ಎ ತಲೆನೋವೂ ಇಲ್ಲ. ಆದರೆ ಇಡೀ ಮ್ಯೂಚುವಲ್ ಫಂಡ್ ಉದ್ಯಮಕ್ಕೆ ವಿದೇಶಿ ಹೂಡಿಕೆಯ ಮಿತಿ 700 ಕೋಟಿ ಡಾಲರ್, ವಿದೇಶಿ ಇಟಿಎಫ್‌ಗಳಿಗೆ ಪ್ರತ್ಯೇಕವಾಗಿ 100 ಕೋಟಿ. 2022ರ ಆರಂಭದಲ್ಲಿ ಈ ಮಿತಿ ತುಂಬುತ್ತ ಬಂದಾಗ ಅನೇಕ ಫಂಡುಗಳು ಹೊಸ ಹಣ ಸ್ವೀಕರಿಸುವುದನ್ನೇ ನಿಲ್ಲಿಸಿದವು. ಹಾಗಾಗಿ ತಿಂಗಳು ತಿಂಗಳು ಕಟ್ಟುವ ಎಸ್‌ಐಪಿ ನಡುವೆ ನಿಂತುಹೋಗುವ ಸಾಧ್ಯತೆ ಲೆಕ್ಕದಲ್ಲಿರಲಿ. ನಮ್ಮ ಷೇರುಪೇಟೆ ಎನ್‌ಎಸ್‌ಇಯಲ್ಲಿ ಸಿಗುವ ವಿದೇಶಿ ಸೂಚ್ಯಂಕದ ಇಟಿಎಫ್ ಕೊಳ್ಳುವ ಮುನ್ನ ಅದರ ಬೆಲೆಯನ್ನು ಎನ್‌ಎವಿಯೊಂದಿಗೆ, ಅಂದರೆ ಒಂದು ಯೂನಿಟ್ಟಿನ ನಿಜವಾದ ಮೌಲ್ಯದೊಂದಿಗೆ, ಹೋಲಿಸಿ ನೋಡಿ. ಹೊಸ ಯೂನಿಟ್ ಹುಟ್ಟದಿದ್ದಾಗ ಬೆಲೆ ಅದಕ್ಕಿಂತ ಬಹಳ ಮೇಲೇರುತ್ತದೆ.

ಅಮೆರಿಕವೊಂದನ್ನೇ ನೆಚ್ಚಿಕೊಳ್ಳಬೇಡಿ ಎಂಬುದು ನನ್ನ ಖಚಿತ ಅಭಿಪ್ರಾಯ. ಜಪಾನಿನ ಷೇರು ಸೂಚ್ಯಂಕ ನಿಕ್ಕೈ 1989ರ ಡಿಸೆಂಬರ್‌ನಲ್ಲಿ ಮುಟ್ಟಿದ ಎತ್ತರವನ್ನು ಮತ್ತೆ ದಾಟಿದ್ದು 2024ರ ಫೆಬ್ರವರಿಯಲ್ಲಿ.

ಕೋಥ್ರೂಡ್ ಕನ್ನಡತಿ, ಪುಣೆ

ಇಬ್ಬರಿಗೂ ಧನ್ಯವಾದಗಳು. ಟಿಸಿಎಸ್ ಮಿತಿ ತಲಾ ಒಬ್ಬರಿಗೆ ಎಂದಾದರೆ, ಯಜಮಾನರ ಹಣವನ್ನೂ ನನ್ನ ಹೆಸರಿನಲ್ಲಿ ಕಳುಹಿಸಬಹುದೇ?

ಡೊಂಬಿವಲಿ ಲೆಕ್ಕಿಗ, ಮುಂಬೈ

ಮಿತಿ ತಲಾ ಒಬ್ಬರಿಗೇ. ಆದರೆ ಅವರು ನಿಮಗೆ ಕೊಟ್ಟ ಹಣದಿಂದ ಬರುವ ಆದಾಯ ತೆರಿಗೆಯ ಲೆಕ್ಕದಲ್ಲಿ ಅವರ ಆದಾಯಕ್ಕೇ ಸೇರುತ್ತದೆ. ಇಬ್ಬರಿಗೂ ಸಂಬಳವಿರುವುದರಿಂದ ಅವರವರ ಹಣ ಅವರವರ ಖಾತೆಯಿಂದಲೇ ಹೋಗಲಿ. ಮಗಳು ಹೊರಡುವ ಎರಡು ಮೂರು ವರ್ಷ ಮೊದಲೇ ಮೊದಲ ವರ್ಷದ ಶುಲ್ಕದಷ್ಟನ್ನು ಷೇರಿನಿಂದ ತೆಗೆದು ಸುರಕ್ಷಿತ ಜಾಗದಲ್ಲಿಡಲು ಆರಂಭಿಸಿ, ಏಕೆಂದರೆ ಪೇಟೆ ಕುಸಿದಿದೆ ಎಂದು ವಿಶ್ವವಿದ್ಯಾಲಯ ಶುಲ್ಕದ ಗಡುವನ್ನು ಮುಂದೂಡುವುದಿಲ್ಲ.