ಮಲಯಾಳಂ ಸಿನಿಮಾದಲ್ಲಿ ಅವರ ಊರು ಕಾಣುತ್ತದೆ, ನಮ್ಮ ಕೊಡಗು ಯಾಕೆ ಬರೀ ಮಂಜು?

ವಿರಾಜಪೇಟೆಯವ:
ನಮ್ಮ ಕಡೆ ಮಲಯಾಳಂ ಸಿನಿಮಾ ನೋಡದ ಮನೆ ಕಡಿಮೆ, ಮಾಕುಟ್ಟ ದಾಟಿದರೆ ಕೇರಳ ಅಲ್ವಾ. 'ಮಹೇಶಿಂಟೆ ಪ್ರತಿಕಾರಂ' (2016) ಮೊನ್ನೆ ಮತ್ತೆ ನೋಡಿದೆ. ಇಡುಕ್ಕಿಯ ಸಣ್ಣ ಪೇಟೆ, ಒಂದು ಫೋಟೋ ಸ್ಟುಡಿಯೋ, ಬೀದಿಯಲ್ಲಿ ಒಂದು ಹೊಡೆದಾಟ, ಸೇಡು ತೀರುವ ತನಕ ಚಪ್ಪಲಿ ಮೆಟ್ಟುವುದಿಲ್ಲ ಅನ್ನುವ ಹಠ. ಅಷ್ಟರಲ್ಲೇ ಆ ಊರು ಪೂರ್ತಿ ಇದೆ. ನಮ್ಮ 'ಮುಂಗಾರು ಮಳೆ' (2006) ಮಡಿಕೇರಿಯ ಕಥೆ, ನನಗೆ ಇಷ್ಟವೂ ಹೌದು. ಆದರೆ ಕಾಫಿ ಕೊಯ್ಲು, ತೋಟದ ಕೆಲಸಗಾರರ ಲೈನ್ ಮನೆ, ಆನೆ ಕಾಟ ಯಾವುದೂ ಅದರಲ್ಲಿಲ್ಲ. ಅವರಿಗೆ ಇದು ಹೇಗೆ ಸಾಧ್ಯವಾಯಿತು?

ಗೋಣಿಕೊಪ್ಪ ಓದುಗ:
ಅಲ್ಲಿ ಓದುವ ಜನ ಮೊದಲು ಬಂದರು, ಸಿನಿಮಾ ಆಮೇಲೆ. ಹಳ್ಳಿಹಳ್ಳಿಗೆ ವಾಚನಾಲಯ ಇತ್ತು. 1965ರ 'ಚೆಮ್ಮೀನ್' ಸಾಹಿತಿ ತಕಳಿಯವರ ಕಾದಂಬರಿಯಿಂದ ಬಂದದ್ದು, ರಾಷ್ಟ್ರಪತಿಗಳ ಚಿನ್ನದ ಪದಕ ಪಡೆದ ಮೊದಲ ದಕ್ಷಿಣದ ಚಿತ್ರ ಅದು. ಅದೇ ವರ್ಷ ತಿರುವನಂತಪುರದಲ್ಲಿ ಅಡೂರ್ ಗೋಪಾಲಕೃಷ್ಣನ್ ಮತ್ತು ಗೆಳೆಯರು ಚಿತ್ರಲೇಖಾ ಫಿಲ್ಮ್ ಸೊಸೈಟಿ ಕಟ್ಟಿದರು. ಸಿನಿಮಾ ನೋಡಿ ಕೂತು ಚರ್ಚೆ ಮಾಡುವ ಪ್ರೇಕ್ಷಕರು ಹಾಗೆ ತಯಾರಾದರು. ನಮ್ಮಲ್ಲೂ ಅನಂತಮೂರ್ತಿಯವರ ಕಥೆಯಿಂದ ಕಾಸರವಳ್ಳಿಯವರ 'ಘಟಶ್ರಾದ್ಧ' (1977) ಬಂತು, ಆದರೆ ಆ ದಾರಿ ಜನಪ್ರಿಯ ಸಿನಿಮಾಕ್ಕೆ ಹೆಚ್ಚು ಸೇರಲಿಲ್ಲ. ಅಲ್ಲಿ ಸೇರಿತು. ಎಂ.ಟಿ. ವಾಸುದೇವನ್ ನಾಯರ್ ದೊಡ್ಡ ಸಾಹಿತಿ, ದೊಡ್ಡ ನಟರ ಚಿತ್ರಗಳಿಗೂ ಚಿತ್ರಕಥೆ ಬರೆದರು.

ಸುಂಟಿಕೊಪ್ಪ:
ನನ್ನ ಮನೆಮಾತು ಮಲಯಾಳಂ, ಅದಕ್ಕೇ ಒಂದು ಮಾತು ಸೇರಿಸುತ್ತೇನೆ. ಅವರ ಸಿನಿಮಾ ಎಲ್ಲರ ಊರನ್ನೂ ಮೊದಲಿನಿಂದ ತೋರಿಸಿಲ್ಲ. ತುಂಬಾ ವರ್ಷ ಒಟ್ಟಪ್ಪಾಲಂ ಕಡೆಯ ವಳ್ಳುವನಾಡಿನ ಭಾಷೆ, ಅಲ್ಲಿನ ತರವಾಡು ಅನ್ನುವ ಹಳೆ ಕೂಡುಕುಟುಂಬದ ಮನೆ, ಅದೇ 'ಕೇರಳ' ಆಗಿತ್ತು. ಬೇರೆ ಕಡೆಯ ಮಾತು ಬಂದರೆ ಹೆಚ್ಚಾಗಿ ನಗಿಸುವುದಕ್ಕೆ. ಇನ್ನೂ ಹಿಂದಕ್ಕೆ ಹೋದರೆ, ಮಲಯಾಳಂನ ಮೊದಲ ಮೂಕಿ ಚಿತ್ರದ ನಾಯಕಿ ಪಿ.ಕೆ. ರೋಸಿ ದಲಿತ ಹೆಣ್ಣುಮಗಳು. ನಾಯರ್ ಹೆಂಗಸಿನ ಪಾತ್ರ ಮಾಡಿದಳು ಅಂತ ಮೇಲ್ಜಾತಿಯವರು ಅವಳನ್ನು ಊರು ಬಿಡಿಸಿದರು. ಇದನ್ನು ಮರೆತು ಹೊಗಳಬಾರದು.

ಈಗ ಬದಲಾಗಿದೆ, ಅದು ನಿಜ. ಕಾಸರಗೋಡಿನ ಮಾತಿನಲ್ಲೇ 'ನ್ನಾ ತಾನ್ ಕೇಸ್ ಕೊಡ್' (2022) ಬಂತು. ರಸ್ತೆ ಗುಂಡಿಯಿಂದ ಹುಟ್ಟುವ ಕೋರ್ಟು ಕಥೆ. ಮ್ಯಾಜಿಸ್ಟ್ರೇಟ್ ಪಾತ್ರಕ್ಕೆ ಆ ಕಡೆಯ ನಿವೃತ್ತ ಮೇಷ್ಟ್ರನ್ನೇ ಹಾಕಿದರು. ಎಂಥ ಚಂದ ಮಾಡಿದ್ದಾರೆ!

ಕುಟ್ಟದವಳು:
ಸುಂಟಿಕೊಪ್ಪ ಅಣ್ಣ ಹೇಳಿದ್ದು ಸರಿ. 'ಕಳಿಯಾಟ್ಟಂ' (1997) ನೋಡಿ, ಶೇಕ್ಸ್‌ಪಿಯರನ ಒಥೆಲೋನನ್ನು ತೆಯ್ಯಂ, ಅಂದರೆ ದೈವದ ವೇಷ, ಕಟ್ಟುವವನಾಗಿ ಮಾಡಿದ್ದಾರೆ. ಅದೇ ತೆಯ್ಯಂನ ನಂಟಿನ ತೆರೆ ಅನ್ನುವ ಆಚರಣೆ ನಮ್ಮಲ್ಲೂ ಇದೆಯಲ್ಲ, ಕುಟ್ಟಿಚಾತ, ಮುತ್ತಪ್ಪ ದೈವಗಳದ್ದು. ರಾತ್ರಿಯೆಲ್ಲ ಕೂತು ನೋಡುತ್ತೇವೆ. ಯಾವ ಕನ್ನಡ ಸಿನಿಮಾದಲ್ಲೂ ನಾನು ಅದನ್ನು ನೋಡಿಲ್ಲ. ಕನ್ನಡಕ್ಕೆ ಆಗದ ಕೆಲಸ ಅಂತಲ್ಲ, 'ಕಾಂತಾರ' (2022) ದೈವಾರಾಧನೆ ತೋರಿಸಿತು, ಮಾಡಿದ ರಿಷಬ್ ಶೆಟ್ಟಿ ಕುಂದಾಪುರ ಕಡೆಯವರೇ. ಊರಿನವರು ಬರೆದರೆ ಊರು ಬರುತ್ತದೆ. ಬೆಂಗಳೂರಿನಿಂದ ಬಂದು ವಾರ ಶೂಟಿಂಗ್ ಮಾಡಿದವರಿಗೆ ಕಾಣುವುದು ಮಂಜೇ.

ವಿರಾಜಪೇಟೆಯವ:
ಸರಿ ಅಕ್ಕ, ಆದರೆ ಭಾಷೆ? ಒಂದೇ ತೋಟದಲ್ಲಿ ಕೊಡವ, ಅರೆಭಾಷೆ, ಮಲಯಾಳಂ, ಯರವ, ಕನ್ನಡ. ಯಾವುದರಲ್ಲಿ ಬರೆಯುವುದು?

ಕುಟ್ಟದವಳು:
ಎಲ್ಲದರಲ್ಲೂ! 'ಸುಡಾನಿ ಫ್ರಮ್ ನೈಜೀರಿಯಾ'ದಲ್ಲಿ ಮಲಪ್ಪುರದ ಉಮ್ಮಂದಿರಿಗೆ (ತಾಯಂದಿರಿಗೆ) ಇಂಗ್ಲಿಷ್ ಬರುವುದಿಲ್ಲ, ನೈಜೀರಿಯಾದ ಆ ಫುಟ್‌ಬಾಲ್ ಹುಡುಗನಿಗೆ ಮಲಯಾಳಂ ಬರುವುದಿಲ್ಲ. ಆದರೂ ಅವರ ಪ್ರೀತಿ ನಮಗೆ ಪೂರ್ತಿ ತಲುಪುತ್ತದೆ. ಯಜಮಾನರು ಕೊಡವದಲ್ಲಿ ಬೈಯಲಿ, ಮೇಸ್ತ್ರಿ ಮಲಯಾಳಂನಲ್ಲಿ ಉತ್ತರ ಕೊಡಲಿ, ಕೆಳಗೆ ಕನ್ನಡ ಸಬ್‌ಟೈಟಲ್ ಹಾಕಿ. ನೀವು ಬರೆಯಿರಿ, ಯರವ ಮಾತು ತಿಳಿದವರನ್ನು ನಾನು ಹುಡುಕಿ ಕೊಡುತ್ತೇನೆ.